ಮಿರ್ಕೋ ಸರ್ ಯಾರನ್ನೂ ಕರೆಯಲಿಲ್ಲ

ಮೊನ್ನೆ ಪಕ್ಕದ ಮನೆಯ ಸುಮತಿಯಕ್ಕನ ಹೊಸ ಮನೆಯ ಒಕ್ಕಲು. ಹಿತ್ತಲಲ್ಲಿ ಮೂರು ಕಲ್ಲು ಹೂಡಿ, ದೊಡ್ಡ ಪಾತ್ರೆಯಲ್ಲಿ ಪಾಯಸಕ್ಕೆ ಗೋಧಿ ಬೇಯಿಸುತ್ತಿದ್ದರು. ಗೋಧಿ ಬೇಯುವ ವಾಸನೆ ಅಂಥ ದೊಡ್ಡ ವಾಸನೆಯೇನಲ್ಲ. ಮಲ್ಲಿಗೆಯ ಹಾಗೆ ದಾರಿ ಅಡ್ಡಗಟ್ಟುವುದಿಲ್ಲ, ಒಣಮೀನಿನ ಹಾಗೆ ಜಗಳಕ್ಕೂ ಬರುವುದಿಲ್ಲ. ಆದರೂ ಬೇಲಿಯ ಈಚೆ ಬಟ್ಟೆ ಒಣಹಾಕುತ್ತಿದ್ದ ನಾನು ಒದ್ದೆ ಸೀರೆಯ ಒಂದು ತುದಿ ಹಿಡಿದುಕೊಂಡು ಹಾಗೆಯೇ ನಿಂತುಬಿಟ್ಟೆ. ಇನ್ನೊಂದು ತುದಿ ಮಣ್ಣಿಗೆ ಬಿದ್ದದ್ದು ಆಮೇಲೆ ಗೊತ್ತಾಯಿತು.

ಈ ಒಕ್ಕಲಿಗೆ ಸುಮತಿಯಕ್ಕ ನನ್ನನ್ನು ಮತ್ತೆ ಮತ್ತೆ ಕರೆದಿದ್ದರು. ಮೊದಲು ಕಾರ್ಡು, ಆಮೇಲೆ ಫೋನು, ಕೊನೆಗೆ ಬೇಲಿಯ ಹತ್ತಿರ ನಿಂತು "ಹಿಲ್ಡಾಬಾಯೀ, ನಾಳೆ ತಪ್ಪಿಸ್ಬಾರ್ದು ಆಯ್ತಾ?" ಎಂದು ಖುದ್ದು ಕರೆ. ನಮ್ಮ ಕಡೆ ಅಷ್ಟೂ ಬೇಕು. ನನ್ನ ಅಪ್ಪ ಒಮ್ಮೆ ತನ್ನ ಸ್ವಂತ ದಾಯಾದಿಯ ಮಗಳ ಮದುವೆಗೇ ಹೋಗಲಿಲ್ಲ. ಆ ಮನೆ ನಮ್ಮ ಶಿರ್ವದ ಮನೆಗೆ ತಾಗಿಕೊಂಡೇ ಇತ್ತು. ಕಾರ್ಡೇನೋ ಬಂದಿತ್ತು, ಆದರೆ ಯಾರದೋ ಕೈಯಲ್ಲಿ ಕಳಿಸಿದ್ದರು. ಮನೆಯವರು ಮೆಟ್ಟಿಲು ಹತ್ತಿ ಬಂದು ಬಾಯಿಬಿಟ್ಟು ಹೇಳಿರಲಿಲ್ಲ. ಮದುಮಗಳಿಗೆ ತೆಂಗಿನ ಹಾಲು ಹಚ್ಚುವ ರೋಸಿನ ದಿನ ಆಚೆ ಬ್ಯಾಂಡು ಬಾರಿಸುತ್ತಿದ್ದರೆ, ಅಪ್ಪ ಈಚೆ ತೆಂಗಿನ ಬುಡಕ್ಕೆ ನೀರು ಬಿಡುತ್ತ ತಾಳಕ್ಕೆ ಸರಿಯಾಗಿ ತಲೆ ಆಡಿಸುತ್ತಿದ್ದರು. ಆಸೆ ಇರಲಿಲ್ಲವೆಂದಲ್ಲ. ಕರೆಯದ ಮನೆಗೆ ಹೋಗುವುದು ಮಾನಗೆಟ್ಟವರ ಕೆಲಸ ಎಂಬುದು ಅವರ ರಕ್ತದಲ್ಲಿತ್ತು. ಅದೇ ರಕ್ತ ನನ್ನದೂ.

ಆ ರಕ್ತವನ್ನು ಕಟ್ಟಿಕೊಂಡೇ ನಾನು ಮಸ್ಕತ್ತಿಗೆ ಹೋದದ್ದು. ಬೇಯುವ ಗೋಧಿ ನನಗೆ ನೆನಪಿಸಿದ್ದು ತೊಂಬತ್ತೆರಡರ ಚಳಿಗಾಲವನ್ನು, ಮತ್ತು ಮಿರ್ಕೋ ಸರ್ ಎಂಬ ಒಬ್ಬ ಸಿನಿಮಾ ನಿರ್ದೇಶಕರನ್ನು.

ಮದುವೆಯಾಗಿ ಒಂದು ವರ್ಷವಾಗಿತ್ತು. ಗಂಡ ವಿಕ್ಟರ್ ಮಸ್ಕತ್ತಿನಿಂದ ಬಹಳ ದೂರದ ಸೊಹಾರಿನ ತಾಮ್ರದ ಕಾರ್ಖಾನೆಯಲ್ಲಿದ್ದರು. ಅಲ್ಲಿ ಅವರಿಗೆ ಕೊಟ್ಟದ್ದು ಬ್ಯಾಚುಲರ್ ಕ್ವಾರ್ಟರ್ಸ್, ಹೆಂಡತಿಗೆ ಜಾಗವಿಲ್ಲ. ನನಗೆ ಮಸ್ಕತ್ತಿನ ಖುರುಮಿನಲ್ಲಿ ಒಂದು ಸಣ್ಣ ಸಿನಿಮಾ ಕಂಪೆನಿಯಲ್ಲಿ ಸೆಕ್ರೆಟರಿ ಕೆಲಸ ಸಿಕ್ಕಿತು. ಅದೇ ಊರಿನ ರೂವಿಯಲ್ಲಿ ಕಿನ್ನಿಗೋಳಿಯ ಲೀನಾಬಾಯಿ ಎಂಬವರ ಫ್ಲ್ಯಾಟಿನಲ್ಲಿ ಒಂದು ಕೋಣೆ ಹಿಡಿದೆ. ಕಂಪೆನಿಯ ಗಾಡಿ ಸಿಕ್ಕಿದ ವಾರ ವಿಕ್ಟರ್ ಗುರುವಾರ ಸಂಜೆ ಬರುತ್ತಿದ್ದರು, ಸಿಗದಿದ್ದರೆ ಇಲ್ಲ. ಸಿಗದ ವಾರಗಳೇ ಹೆಚ್ಚು.

ಶುಕ್ರವಾರ ಚರ್ಚಿನಲ್ಲಿ ಪೂಜೆ ಮುಗಿದ ಮೇಲೆ ಅಂಗಳದಲ್ಲಿ ಊರಿಗೆ ಊರೇ ನಿಂತಿರುತ್ತಿತ್ತು. ಕುಲಶೇಖರ, ಕಲ್ಯಾಣಪುರ, ಮೂಡುಬೆಳ್ಳೆ, ಎಲ್ಲ ಕಡೆಯವರು. ಯಾರ ಮಗಳು, ಊರ ಚರ್ಚಿನ ಯಾವ ವಾಡೆ ಎಂದು ವಿಚಾರಿಸುತ್ತಿದ್ದರು. ಕೊನೆಗೆ "ಒಮ್ಮೆ ಮನೆಗೆ ಬನ್ನಿ ಆಯ್ತಾ" ಎಂದು ಹೇಳಿ ಕಾರು ಹತ್ತುತ್ತಿದ್ದರು. ಯಾವ ದಿನ ಎಂದು ಒಬ್ಬರೂ ಹೇಳುತ್ತಿರಲಿಲ್ಲ. ದಿನ ಹೇಳದ ಕರೆ ಕರೆಯಲ್ಲ ಎಂದು ನನಗೂ ಗೊತ್ತಿತ್ತು, ಅವರಿಗೂ ಗೊತ್ತಿತ್ತು. ಲೀನಾಬಾಯಿಯ ಸಂಸಾರ ಯಾರದೋ ಮನೆಗೆ ಊಟಕ್ಕೆ ಹೊರಡುವಾಗ ಅವರ ಮಗಳು "ಆಂಟಿ, ಆರ್ ಯು ನಾಟ್ ಕಮಿಂಗ್?" ಎಂದು ಕೇಳುತ್ತಿದ್ದಳು. ಲೀನಾಬಾಯಿ ಅವಳ ಕೈ ಹಿಡಿದು ಲಿಫ್ಟಿಗೆ ಎಳೆದುಕೊಂಡು ಹೋಗುತ್ತಿದ್ದರು. ಅವರ ತಪ್ಪೇನಿಲ್ಲ; ಆ ಮನೆಯವರು ಕರೆದದ್ದು ಅವರನ್ನು. ನಾನು ಬಾಗಿಲು ಹಾಕಿಕೊಂಡು ಗಂಜಿಗೆ ಉಪ್ಪಿನಕಾಯಿ ಹಚ್ಚಿಕೊಳ್ಳುತ್ತಿದ್ದೆ. ಆ ಶುಕ್ರವಾರಗಳಲ್ಲಿ ನಾನು ಅತ್ತದ್ದುಂಟು.

ಮಿರ್ಕೋ ಸರ್ ನಮ್ಮ ಕಂಪೆನಿಗೆ ಬಂದದ್ದು ನನಗಿಂತ ಸ್ವಲ್ಪ ಮೊದಲು. ಯುಗೊಸ್ಲಾವಿಯಾ ಎಂಬ ದೇಶದವರು, ಜಾತಿಯಲ್ಲಿ ಸರ್ಬಿಯನ್. ಬರುವಾಗ ಆ ದೇಶ ಇತ್ತು. ಬಂದು ಕೆಲವೇ ತಿಂಗಳಲ್ಲಿ ಅದು ಒಡೆದು ಚೂರಾಗತೊಡಗಿತು. ಆಳು ಎತ್ತರ, ಬೆನ್ನು ತುಸು ಬಾಗಿದ್ದು. ಅರವತ್ತರ ಹತ್ತಿರದ ವಯಸ್ಸು. ಅವರ ಇಂಗ್ಲಿಷು ನನ್ನದರಷ್ಟೇ ಕುಂಟುತ್ತಿದ್ದುದರಿಂದ ನಮ್ಮಿಬ್ಬರಿಗೂ ಚೆನ್ನಾಗಿ ಹೊಂದುತ್ತಿತ್ತು. ಊರಲ್ಲಿ ಅವರು ದೊಡ್ಡ ಹೆಸರು ಎಂದು ಕಂಪೆನಿಯ ಮಾಲೀಕರಾದ ಹಮೂದ್ ಸಾಹೇಬರು ಹೇಳುತ್ತಿದ್ದರು. ನನಗೆ ಅವರು ಚಹಾಕ್ಕೆ ಸಕ್ಕರೆ ಹಾಕಿ ಕಲಕಲು ಮರೆಯುವ ಒಬ್ಬ ಮನುಷ್ಯ, ಅಷ್ಟೆ.

ಅವರ ಕತೆ ತುಂಡು ತುಂಡಾಗಿ ನನಗೆ ಸಿಕ್ಕಿತು. ಹುಟ್ಟಿದ್ದು ಒಂದು ನದಿಯ ಬದಿಯ ಹಳ್ಳಿಯಲ್ಲಿ. ಅಪ್ಪ ಎರಡನೇ ಮಹಾಯುದ್ಧದಲ್ಲಿ ಸತ್ತರು. ಒಬ್ಬನೇ ಮಗನನ್ನು ಅಮ್ಮ ಸಾಕಿದರು. ಬೆಲ್‌ಗ್ರೇಡಿಗೆ ಹೋಗಿ ಸಿನಿಮಾ ಕಲಿತರು. ಮೊದಲು ತೆಗೆದದ್ದು ಒಂದು ತಮಾಷೆಯ ಸಿನಿಮಾ. ಜನ ಬಿದ್ದು ಬಿದ್ದು ನಕ್ಕರು, ಬಹುಮಾನಗಳು ಬಂದವು. ಎರಡು ಕಥಾಸಂಕಲನಗಳೂ ಬಂದವು. ಆಮೇಲೆ ಗಂಭೀರವಾದದ್ದೊಂದನ್ನು ತೆಗೆದರು. ಸರಕಾರದವರು ಅದನ್ನು ನೋಡಿ ಡಬ್ಬಿಯಲ್ಲೇ ಇಡಿಸಿದರು. ಮುಂದೆ ಬಹಳ ವರ್ಷ ಟಿವಿಗೆ ಅದೂ ಇದೂ ಮಾಡಿಕೊಂಡಿದ್ದರು. ಮದುವೆ ಆಗಿ ಮುರಿದಿತ್ತು, ಮಕ್ಕಳಿರಲಿಲ್ಲ. ಒಮಾನಿನ ಗುಡ್ಡದ ಹಳ್ಳಿಗಳಲ್ಲಿ ಫಲಜ್ ಎಂಬ ಹಳೆಯ ನೀರಿನ ಕಾಲುವೆಗಳಿವೆ. ಅವುಗಳ ಬಗ್ಗೆ ಸಿನಿಮಾ ಮಾಡಿಕೊಡಿ ಎಂದು ಹಮೂದ್ ಸಾಹೇಬರು ಕರೆದಾಗ ಹೊರಟು ಬಂದರು.

ಕ್ಯಾಮರಾ ನಮ್ಮ ವಾಸಣ್ಣನದು. ಕಾಪುವಿನ ಕಡೆಯವರು, ತುಳುವರು. ಮುಂಬಯಿಯಲ್ಲಿ ಮದುವೆಯ ವೀಡಿಯೊ ತೆಗೆದು ತೆಗೆದು ಇಲ್ಲಿಗೆ ಬಂದವರು. ಗುಡ್ಡದ ಹಳ್ಳಿಯೊಂದರಲ್ಲಿ ಶೂಟಿಂಗ್ ಮಾಡುವಾಗ ನಾನೂ ಒಮ್ಮೆ ಹೋಗಿದ್ದೆ. ಅಲ್ಲಿ ನೀರಿನ ಸರದಿಯನ್ನು ನೆರಳು ನೋಡಿ ಹಂಚುತ್ತಾರೆ. ನೆಲದಲ್ಲಿ ಒಂದು ಕೋಲು, ಸುತ್ತ ಗುರುತಿನ ಕಲ್ಲುಗಳು. ನೆರಳು ಒಂದು ಕಲ್ಲಿನಿಂದ ಇನ್ನೊಂದಕ್ಕೆ ಹೋಗುವ ತನಕ ನೀರು ಒಬ್ಬನ ಖರ್ಜೂರದ ತೋಟಕ್ಕೆ, ಆಮೇಲೆ ಮುಂದಿನವನದಕ್ಕೆ. ಮಿರ್ಕೋ ಸರ್ ಆ ನೆರಳಿನ ಮುಂದೆ ಕ್ಯಾಮರಾ ಇಡಿಸಿ ಕುಳಿತೇ ಕುಳಿತರು. ವಾಸಣ್ಣ ನನ್ನ ಹತ್ತಿರ ಬಂದು ಮೆಲ್ಲಗೆ, "ಬಾಯಿ, ಇವರು ನೆರಳು ಬೆಳೆಯುದನ್ನು ತೆಗೀಲಿಕ್ಕೆ ಹೇಳಿದ್ದಾರೆ. ಮದುವೆ ಮನೆಯಲ್ಲಾಗಿದ್ರೆ ನನ್ನನ್ನು ಓಡಿಸ್ತಿದ್ರು" ಎಂದರು.

ಮೇ ತಿಂಗಳಿನಿಂದ ಎಡಿಟಿಂಗ್ ಶುರುವಾಯಿತು. ಅವರ ಕೆಲಸದ ರೀತಿಯೇ ಬೇರೆ. ಒಂದು ತುಂಡು ಜೋಡಿಸಿದ ಕೂಡಲೇ ನನ್ನನ್ನು ಟೈಪ್‌ರೈಟರಿನಿಂದ ಎಬ್ಬಿಸಿ ಕತ್ತಲ ಕೋಣೆಯಲ್ಲಿ ಕೂರಿಸುತ್ತಿದ್ದರು. ತಾವು ಮಾತ್ರ ಸಿನಿಮಾ ನೋಡುತ್ತಿರಲಿಲ್ಲ. ಪಕ್ಕದಲ್ಲಿ ಕುಳಿತು ನನ್ನನ್ನು ನೋಡುತ್ತಿದ್ದರು. ಮೊದಮೊದಲು ನನಗೆ ಕಸಿವಿಸಿಯಾಗಿ ಸೆರಗು ಸರಿಮಾಡಿಕೊಂಡದ್ದೇ ಬಂತು. ಆಮೇಲೆ ಅರ್ಥವಾಯಿತು: ನಾನು ಎಲ್ಲಿ ವಾಚು ನೋಡುತ್ತೇನೆ, ಎಲ್ಲಿ ಉಸಿರು ಬಿಡುತ್ತೇನೆ ಎಂದು ನೋಡಿಕೊಂಡು ಅಲ್ಲಿ ಕತ್ತರಿ ಹಾಕುತ್ತಿದ್ದರು. ನೆರಳಿನ ತುಂಡಿನಲ್ಲಿ ನಾನು ವಾಚು ನೋಡಲಿಲ್ಲ. "ಹೇಗಿತ್ತು?" ಎಂದರು. "ಮುಗಿಯಬಾರದಿತ್ತು ಸರ್" ಎಂದೆ. ಆ ದಿನ ಅವರೇ ಚಹಾ ಮಾಡಿ ತಂದರು. ಮಸ್ಕತ್ತಿನಲ್ಲಿ ನಾನು ಒಬ್ಬಳು ಇದ್ದೇನೆ ಎಂದು ನೋಡಿದವರು ಅವರೊಬ್ಬರೇ ಎಂದು ಎಷ್ಟೋ ಸಲ ನನಗೆ ಅನಿಸಿದೆ.

ಆ ಬೇಸಿಗೆಯಲ್ಲೇ ಅವರ ಅಮ್ಮ ತೀರಿಕೊಂಡಿದ್ದರು. ಯುದ್ಧದ ಕಾರಣಕ್ಕೆ ಅವರ ದೇಶದ ಮೇಲೆ ದಿಗ್ಬಂಧನ ಬಿದ್ದು ವಿಮಾನಗಳೆಲ್ಲ ನಿಂತಿದ್ದವು. ಸುತ್ತು ದಾರಿಯಲ್ಲಿ ಹೋಗಬಹುದಿತ್ತೋ ಏನೋ, ಆದರೆ ಸುದ್ದಿ ಬಂದದ್ದೇ ಮಣ್ಣು ಮಾಡಿದ ಮೇಲೆ. ಅವರು ಆ ದಿನವೂ ಎಡಿಟಿಂಗ್ ಕೋಣೆಗೆ ಹೋಗಿ ಬಾಗಿಲು ಹಾಕಿಕೊಂಡರು. ಒಳಗೆ ಮೆಶೀನು ಓಡುವ ಸದ್ದು ಮಾತ್ರ ಕೇಳಲಿಲ್ಲ.

ಡಿಸೆಂಬರು ಬಂತು. ಆ ತಿಂಗಳಲ್ಲಿ ಮಸ್ಕತ್ತು ಕೊನೆಗೂ ಮನುಷ್ಯರು ಇರಬಹುದಾದ ಊರಾಗುತ್ತದೆ. ಕಿಟಕಿ ತೆರೆದಿಡಬಹುದು, ಸಂಜೆ ನಡೆಯಬಹುದು. ಒಂದು ದಿನ ಮಿರ್ಕೋ ಸರ್ ನನ್ನ ಮೇಜಿನ ಹತ್ತಿರ ಬಂದು, ನಮ್ಮ ಚರ್ಚಿನಲ್ಲಿ ದೊಡ್ಡ ಮೇಣದಬತ್ತಿ ಸಿಗುತ್ತದೆಯೇ ಎಂದು ಕೇಳಿದರು. ತೀರಿಹೋದ ಅಮ್ಮನಿಗಾಗಿ ಇರಬೇಕು ಎಂದುಕೊಂಡು ತಂದುಕೊಟ್ಟೆ. ಇನ್ನೊಂದು ದಿನ ವಾಸಣ್ಣನನ್ನು ಕರೆದುಕೊಂಡು ಮತ್ರಾದ ಮೀನು ಮಾರ್ಕೆಟಿಗೆ ಹೋಗಿ ಇಡೀ ಒಂದು ಅಂಜಲ್ ತಂದರು. "ಒಬ್ಬ ಮನುಷ್ಯನಿಗೆ ಅಷ್ಟು ದೊಡ್ಡ ಅಂಜಲ್ ಎಂತಕ್ಕೆ ಬಾಯಿ? ಮದುವೆ ಮಾಡ್ಲಿಕ್ಕುಂಟಾ?" ಎಂದು ವಾಸಣ್ಣ ನಕ್ಕರು.

ಅದರ ಹಿಂದಿನ ವಾರ ಚಹಾದ ಹೊತ್ತಿಗೆ ಆಫೀಸಿನವರೆಲ್ಲ ಸೇರಿದ್ದಾಗ ಅವರು ಒಂದು ಮಾತು ಹೇಳಿದ್ದರು.

"ಬರುವ ಶನಿವಾರ ನಮ್ಮ ಮನೆತನದ ಸಂತ ನಿಕೋಲನ ದಿನ. ನಾನು ಇಡೀ ದಿನ ಮನೆಯಲ್ಲಿರುತ್ತೇನೆ."

ಇಷ್ಟು ಹೇಳಿ ನಮ್ಮನ್ನೆಲ್ಲ ಒಬ್ಬೊಬ್ಬರಾಗಿ ನೋಡಿದರು. ನಾವು ಒಳ್ಳೆಯದು ಎಂದು ತಲೆ ಆಡಿಸಿದೆವು. ಅವರು ಒಳಗೆ ಹೋದ ಮೇಲೆ ವಾಸಣ್ಣ, "ರಜೆ ಹಾಕ್ತಾರೆ ಅಂತ ಲೆಕ್ಕ. ಡಿಸ್ಟರ್ಬ್ ಮಾಡ್ಬೇಡಿ ಅಂತ ಮೊದ್ಲೇ ಹೇಳಿದ್ದು. ಒಳ್ಳೇ ಜನ ಮಾರಾಯ್ರೆ" ಎಂದರು. ಮನೆಗೆ ಬಂದು ಲೀನಾಬಾಯಿಯವರಲ್ಲಿ ಹೇಳಿದರೆ, "ಸೈಂಟ್ ನಿಕೊಲಸನ ಹಬ್ಬ ಆರಕ್ಕೇ ಮುಗಿದುಹೋಯ್ತಲ್ಲ, ಇದ್ಯಾವ ಲೆಕ್ಕ?" ಎಂದು ಕ್ಯಾಲೆಂಡರು ತಿರುವಿದರು. ಅವರದು ಹಳೆಯ ಪಂಚಾಂಗ, ನಮ್ಮದಕ್ಕಿಂತ ಹಿಂದೆ ಬೀಳುತ್ತದೆ ಎಂದು ನಮಗೇನು ಗೊತ್ತು. ಮೇಣದಬತ್ತಿ ನನ್ನ ತಲೆಯಲ್ಲಿ, ಮೀನು ವಾಸಣ್ಣನ ತಲೆಯಲ್ಲಿ, ದಿನ ಎಲ್ಲರ ತಲೆಯಲ್ಲಿ ಇತ್ತು. ಯಾರೂ ಕೂಡಿಸಿ ನೋಡಲಿಲ್ಲ.

ಆ ಶನಿವಾರ ಮಧ್ಯಾಹ್ನ ಹಮೂದ್ ಸಾಹೇಬರು ನನ್ನ ಕೈಗೆ ಒಂದು ಕ್ಯಾಸೆಟ್ ಕೊಟ್ಟರು. ಸಿನಿಮಾಕ್ಕೆ ಅವರೇ ಇಂಗ್ಲಿಷಿನಲ್ಲಿ ಹಿನ್ನೆಲೆ ವಿವರಣೆ ಓದಿಸಿದ್ದರು. ನೀರಿನ ಸದ್ದು ಸಾಕು, ಮಾತು ಬೇಡ ಎಂಬುದು ಮಿರ್ಕೋ ಸರ್ ಹಟ. ಮಾತಿಲ್ಲದಿದ್ದರೆ ಯಾರು ನೋಡುತ್ತಾರೆ ಎಂಬುದು ಸಾಹೇಬರ ಚಿಂತೆ. "ಯಲ್ಲಾ ಹಿಲ್ಡಾ, ಇವತ್ತೇ ಕೇಳಿಸಿ ಬನ್ನಿ. ನಾಳೆ ಇದು ಖಲಾಸ್ ಆಗಬೇಕು" ಎಂದರು. ಆ ಸಿನಿಮಾದ ಸಂಗತಿ ಇಲ್ಲೇ ಹೇಳಿ ಮುಗಿಸುತ್ತೇನೆ. ಅದು ವಿವರಣೆಯ ಸಮೇತ ಹೊರಬಂತು. ಮಿರ್ಕೋ ಸರ್ ತಮ್ಮ ಹೆಸರು ತೆಗೆಸಿದರು. ನೆರಳಿನ ತುಂಡು ಅದರಲ್ಲಿ ಅರ್ಧಕ್ಕೂ ಕಡಿಮೆ ಉಳಿಯಿತು. ಚಳಿ ಕಳೆಯುವಷ್ಟರಲ್ಲಿ ಅವರು ಹಂಗೇರಿಯ ಮೇಲಾಗಿ ಊರಿಗೆ ಹೋದರು. ಮುಂದೆ ಏನಾದರು, ಸಿನಿಮಾ ಮಾಡಿದರೋ, ಇದ್ದಾರೋ ಇಲ್ಲವೋ, ನನಗೆ ಗೊತ್ತಾಗಲಿಲ್ಲ.

ಕ್ಯಾಸೆಟ್ ಹಿಡಿದುಕೊಂಡು ವಾಸಣ್ಣನ ಕಾರಿನಲ್ಲಿ ಹೊರಟೆ. ಮಿರ್ಕೋ ಸರ್ ಮನೆ ಖುರುಮಿನಲ್ಲೇ, ಒಂದು ಕಟ್ಟಡದ ಎರಡನೇ ಮಾಳಿಗೆ. ವಾಸಣ್ಣ ಕೆಳಗೆ ಕಾರಿನಲ್ಲೇ ಉಳಿದರು.

ಮೇಲೆ ಬಾಗಿಲು ಹಾರು ಹೊಡೆದಿತ್ತು. ಒಳಗೆ ಎರಡು ಮೇಜುಗಳನ್ನು ಜೋಡಿಸಿ ಬಿಳಿ ಬೆಡ್‌ಶೀಟ್ ಹಾಸಿದ್ದರು. ಸುತ್ತ ಕುರ್ಚಿಗಳು, ಒಂದರ ಹಾಗೆ ಇನ್ನೊಂದಿಲ್ಲ. ನೆರೆಯವರಿಂದ ಎತ್ತಿಕೊಂಡು ಬಂದದ್ದು ಗೊತ್ತಾಗುತ್ತಿತ್ತು. ನಡುವೆ ನಾನು ತಂದುಕೊಟ್ಟ ಮೇಣದಬತ್ತಿ ಉರಿಯುತ್ತಿತ್ತು, ಬಹಳಷ್ಟು ಕರಗಿತ್ತು. ಇಡೀ ಅಂಜಲ್ ತಟ್ಟೆಯಲ್ಲಿ ಮಲಗಿತ್ತು. ಬೇಯಿಸಿ ಅರೆದ ಗೋಧಿಯ ಒಂದು ಗುಡ್ಡೆ, ಮೇಲೆ ಸಕ್ಕರೆ ಪುಡಿ. ಪಕ್ಕದಲ್ಲಿ ಒಂದು ಕಡೆ ವಾಲಿದ ದಪ್ಪ ರೊಟ್ಟಿ, ಬ್ರೆಡ್ಡಿನ ಜಾತಿಯದು. ಮಿರ್ಕೋ ಸರ್ ಕಪ್ಪು ಸೂಟು ಹಾಕಿ, ಟೈ ಕಟ್ಟಿ, ಒಂದು ಕುರ್ಚಿಯ ಬೆನ್ನಿಗೆ ಕೈಯೂರಿ ನಿಂತಿದ್ದರು. ನನ್ನನ್ನು ಕಂಡದ್ದೇ ಅವರ ಮುಖ ಅರಳಿತು. ಆ ಮನುಷ್ಯನ ಮುಖ ಹಾಗೆ ಅರಳಿದ್ದನ್ನು ನಾನು ಅದಕ್ಕೆ ಮೊದಲು ನೋಡಿರಲಿಲ್ಲ.

ನನಗೆ ಭೂಮಿ ಬಾಯಿಬಿಡಬಾರದೇ ಅನಿಸಿತು. ಯಾರಿಗೋ ಊಟ ಹೇಳಿದ್ದಾರೆ, ಕರೆಯದ ನಾನು ಆಫೀಸಿನ ಬಟ್ಟೆಯಲ್ಲಿ ನಡುವೆ ಬಂದು ನಿಂತಿದ್ದೇನೆ. "ಸಾರಿ ಸರ್, ನಿಮ್ಮಲ್ಲಿ ನೆಂಟರು ಬರುವವರಿದ್ದಾರೆ ಎಂದು ಗೊತ್ತಿರಲಿಲ್ಲ. ಹಮೂದ್ ಸಾಹೇಬರು ಇದನ್ನು ಕೊಟ್ಟು..." ಎನ್ನುತ್ತ ಕ್ಯಾಸೆಟ್ ಮುಂದೆ ಹಿಡಿದೆ.

ಅವರು ಕ್ಯಾಸೆಟ್ ನೋಡಿದರು. ಅರಳಿದ ಮುಖ ಮೊದಲಿನ ಹಾಗಾಯಿತು.

"ಕೆಲಸಕ್ಕೆ ಬಂದಿರಾ? ಅಲ್ಲಿಡಿ. ಇವತ್ತು ಕೇಳುವುದಿಲ್ಲ" ಎಂದರು. ಆಮೇಲೆ ಗೋಧಿಯ ತಟ್ಟೆ ಎತ್ತಿ ನನ್ನ ಮುಂದೆ ಹಿಡಿದು, "ಒಂದು ಚಮಚ ತಗೊಳ್ಳಿ. ಟಪಾಲಿನವನು ಬಂದರೂ ಅವನಿಗೊಂದು ಚಮಚ ಕೊಡುತ್ತೇವೆ" ಎಂದರು.

ಬಾಯಿಗೆ ಹಾಕಿಕೊಂಡೆ. ಗೋಧಿ, ಸಕ್ಕರೆ, ಅಕ್ರೋಟು. ನುಂಗುವ ತನಕ ಏನಾದರೂ ಮಾತಾಡಬೇಕಲ್ಲ ಎಂದು, "ಎಷ್ಟು ಗಂಟೆಗೆ ಬರಲು ಹೇಳಿದ್ದೀರಿ ಸರ್?" ಎಂದು ಕೇಳಿದೆ.

"ಯಾರಿಗೂ ಹೇಳಿಲ್ಲ."

"ಮತ್ತೆ ಇದೆಲ್ಲ?"

"ಈ ಹಬ್ಬಕ್ಕೆ ನಾವು ಯಾರನ್ನೂ ಕರೆಯುವುದಿಲ್ಲ ಹಿಲ್ಡಾ. ಈ ದಿನ ಬಾಗಿಲು ತೆರೆದಿರುತ್ತದೆ ಎಂದು ನಮ್ಮವರಿಗೆಲ್ಲ ಗೊತ್ತಿರುತ್ತದೆ, ಬರುತ್ತಾರೆ. ಕರೆದರೆ ಅವಮಾನ. 'ಕರೆಯದೆ ನೀನು ಬರುವವನಲ್ಲ' ಎಂದು ಮುಖಕ್ಕೆ ಹೇಳಿದ ಹಾಗೆ."

ನಾನು ಹತ್ತಿರದ ಕುರ್ಚಿಯಲ್ಲಿ ಕುಳಿತುಬಿಟ್ಟೆ. ಅವರನ್ನೂ ಕುಳಿತುಕೊಳ್ಳಿ ಎಂದೆ. ಈ ದಿನ ಮನೆಯ ಯಜಮಾನ ಕುಳಿತುಕೊಳ್ಳುವಂತಿಲ್ಲ, ಬಂದವರಿಗೆಲ್ಲ ಆಗುವ ತನಕ ನಿಂತೇ ಇರಬೇಕು ಎಂದರು. ಹಾಗಾದರೆ ಬೆಳಿಗ್ಗೆಯಿಂದ ನಿಂತೇ ಇದ್ದಾರೆ. ಬೂಟಿನ ಲೇಸನ್ನು ಸಡಿಲ ಬಿಟ್ಟಿದ್ದರು.

ಕೇಳದೆಯೇ ಅವರು ಹೇಳಿದರು. ಹಬ್ಬ ಅಪ್ಪನಿಂದ ಮಗನಿಗೆ ಬರುವುದು. ಅಪ್ಪ ಇಲ್ಲದ್ದರಿಂದ ಅಮ್ಮ ನಡೆಸಿಕೊಂಡು ಬಂದರು, ಇದೆಲ್ಲ ಹಳೆಯ ಕಾಲದ ಮೂಢತನ ಎಂದು ಸರಕಾರ ಹೇಳುತ್ತಿದ್ದ ವರ್ಷಗಳಲ್ಲೂ ಬಿಡಲಿಲ್ಲ. ಮಗನಾದ ಇವರೂ ಹಾಗೆಯೇ ಹೇಳುತ್ತಿದ್ದರು. ಅವರ ಆ ಮೊದಲ ತಮಾಷೆಯ ಸಿನಿಮಾದಲ್ಲಿ ಜನ ಬಿದ್ದು ಬಿದ್ದು ನಕ್ಕ ದೃಶ್ಯ ಇದೇ: ಒಬ್ಬಳು ಮುದುಕಿ ಗೋಧಿ ಬೇಯಿಸಿ, ಬತ್ತಿ ಹಚ್ಚಿ ಕಾಯುತ್ತಾಳೆ, ಯಾರೂ ಬರುವುದಿಲ್ಲ.

"ಅದರಲ್ಲಿ ನಗುವುದಕ್ಕೇನಿದೆ ಸರ್?"

"ಏನೂ ಇಲ್ಲ. ನಗು ಬಂದದ್ದು ಕತ್ತರಿಯಿಂದ. ಗೋಧಿ ತೋರಿಸಿದೆ, ಬಾಗಿಲು ತೋರಿಸಿದೆ. ಮತ್ತೆ ಗೋಧಿ, ಮತ್ತೆ ಬಾಗಿಲು. ಬೇಗ ಬೇಗ. ಹಾಗೆ ಕತ್ತರಿಸಿದರೆ ಯಾರನ್ನು ಬೇಕಾದರೂ ನಗೆಪಾಟಲು ಮಾಡಬಹುದು. ಬಾಗಿಲನ್ನು ಕತ್ತರಿಸದೆ ಸುಮ್ಮನೆ ತೋರಿಸಿದ್ದರೆ ಒಬ್ಬನೂ ನಗುತ್ತಿರಲಿಲ್ಲ. ಅದು ನನಗೆ ಆಗಲೂ ಗೊತ್ತಿತ್ತು."

ಹಳ್ಳಿಯ ಟಾಕೀಸಿಗೆ ಆ ಸಿನಿಮಾ ಬಂದಾಗ ಅಮ್ಮನೂ ನೋಡಿದರು. ಮನೆಗೆ ಬಂದು ಕೋಟು ತೆಗೆಯುತ್ತ ಒಂದೇ ಮಾತು ಕೇಳಿದರಂತೆ: "ನಮ್ಮ ಮನೆಗೆ ಜನ ಬಾರದ ವರ್ಷ ಯಾವುದು ಮಗನೇ?" ಸಿನಿಮಾ ನಿಜವಲ್ಲ ಅಮ್ಮಾ ಎಂದು ಇವರು ಹೇಳಿದರು. ಆಮೇಲೆ ಪ್ರತಿ ವರ್ಷ ಆ ದಿನಕ್ಕೆ ಸರಿಯಾಗಿ ಇವರಿಗೆ ಎಲ್ಲಾದರೂ ಕೆಲಸ ಇರುತ್ತಿತ್ತು. ಈ ವರ್ಷ ಅಮ್ಮನಿಲ್ಲ. ಹಬ್ಬ ಇವರ ಪಾಲಿಗೆ ಬಂತು. "ಒಂದೇ ವರ್ಷ, ಇದೊಂದು ವರ್ಷ ಅವಳ ಮೇಜಿಗೆ ಜನ ಬರಬೇಕಿತ್ತು" ಎಂದರು. ದನಿ ಏರಲಿಲ್ಲ, ಇಳಿಯಲೂ ಇಲ್ಲ.

ರೊಟ್ಟಿ ಇಡಿಯಾಗಿಯೇ ಇತ್ತು. ಯಾಕೆ ಎಂದು ಕೇಳಿದೆ. ಅದನ್ನು ಒಬ್ಬನೇ ಮುರಿಯುವಂತಿಲ್ಲವಂತೆ. ಯಜಮಾನನೂ ಬಂದ ಅತಿಥಿಯೂ ಸೇರಿ ಹಿಡಿದು ತಿರುಗಿಸಿ ಆಮೇಲೆ ಮುರಿಯಬೇಕು. ನಾನು ಎದ್ದು ಕೈಯೊರೆಸಿಕೊಂಡು, "ಬನ್ನಿ ಸರ್, ನಾನು ಹಿಡಿಯುತ್ತೇನೆ" ಎಂದೆ.

ಅವರು ನಕ್ಕರು, ಆದರೆ ತಲೆ ಅಲ್ಲಾಡಿಸಿದರು. "ನೀವು ಕ್ಯಾಸೆಟ್ ತಂದವರು, ಹಬ್ಬಕ್ಕೆ ಬಂದವರಲ್ಲ. ಅಮ್ಮನಿಗೆ ಇನ್ನೊಂದು ಸಿನಿಮಾ ತೋರಿಸಲಾರೆ."

"ವಾಸಣ್ಣ ಕೆಳಗೇ ಇದ್ದಾರೆ. ಕರೆಯುತ್ತೇನೆ."

"ಬೇಡ. ಕರೆಸಿಕೊಂಡರೆ ಅದು ಬರ್ತ್‌ಡೇ ಪಾರ್ಟಿ."

ನನಗೆ ಸಿಟ್ಟು ಬಂತು. ಇದೆಂಥ ಹಟ! ಹಸಿದು, ಕಾಲು ಊದಿಸಿಕೊಂಡು, ಇಷ್ಟು ಅಡುಗೆ ಮಾಡಿಟ್ಟು, ಸಹಾಯಕ್ಕೆ ಬಂದವರನ್ನೂ ಲೆಕ್ಕಕ್ಕೆ ತೆಗೆದುಕೊಳ್ಳುವುದಿಲ್ಲವೆಂದರೆ ಏನು ಮಾಡುವುದು? ಹೋಗಿ ಬರುತ್ತೇನೆ ಎಂದು ಹೇಳಿ ಮೆಟ್ಟಿಲಿಳಿದೆ. ಅವರು ಬಾಗಿಲ ತನಕ ಬಂದು, ಬಾಗಿಲು ಹಾಕಿಕೊಳ್ಳದೆ ಒಳಗೆ ಹೋದರು.

ಕಾರಿನಲ್ಲಿ ಕುಳಿತೆ. ವಾಸಣ್ಣ ಸ್ಟಾರ್ಟ್ ಮಾಡಲು ಹೊರಟವರು ನನ್ನ ಮುಖ ನೋಡಿ ನಿಲ್ಲಿಸಿದರು. ಎಲ್ಲ ಹೇಳಿದೆ.

"ಅಯ್ಯೋ ದೇವ್ರೇ, ಆ ಅಂಜಲ್ ಇದಕ್ಕಾ?" ಎಂದು ಅವರು ಸ್ಟಿಯರಿಂಗಿನ ಮೇಲೆ ಕೈ ಬಡಿದರು. "ಹಾಗಾದ್ರೆ ಅವರು ಕಾಯುದು ನಮ್ಮನ್ನೇ ಅಲ್ವಾ? ಚಹಾ ಕುಡಿಯುವಾಗ ಹೇಳಿದ್ದು ಅದನ್ನೇ."

"ಹ್ಞೂಂ."

"ಆದ್ರೆ ಕರೀದೆ ಹೋಗುದು ಹೇಗೆ ಬಾಯಿ? ನಮ್ಮಮ್ಮನಿಗೆ ಗೊತ್ತಾದ್ರೆ ಉಗೀತಾರೆ."

ನನ್ನ ಅಪ್ಪನೂ ತೆಂಗಿನ ಬುಡದಲ್ಲಿ ನಿಂತು ಅದನ್ನೇ ಹೇಳುತ್ತಿದ್ದರು. ಕಾರಿನ ಗಾಜಿನಿಂದ ಆಚೆ ಸಂಜೆಯ ಬಿಸಿಲು ಗುಡ್ಡದ ಮೇಲೆ ಮಾತ್ರ ಉಳಿದಿತ್ತು. ಯೋಚಿಸಿದಷ್ಟೂ ನನಗೆ ಅಳು ಬರುತ್ತಿತ್ತು, ಮತ್ತು ಅದು ಮಿರ್ಕೋ ಸರ್‌ಗಾಗಿ ಮಾತ್ರ ಅಲ್ಲ ಎಂಬುದೂ ತಿಳಿಯುತ್ತಿತ್ತು. ಒಂದೇ ಊರಿನಲ್ಲಿ, ಒಂದೇ ಆಫೀಸಿನಲ್ಲಿ, ಅವರು ಕರೆಯದೆ ಬರುವವರಿಗಾಗಿ ಕಾಯುತ್ತಿದ್ದರು. ನಾನು ಯಾರಾದರೂ ಕರೆದಾರು ಎಂದು ಕಾಯುತ್ತಿದ್ದೆ. ಹೀಗೆ ಕಾದರೆ ಇಬ್ಬರೂ ಕಾಯುತ್ತಲೇ ಇರುತ್ತೇವೆ. ಈ ಊರಿಗೆ ಬಂದು ನಾನು ಒಮ್ಮೆಯೂ ಒಂದು ಮನೆಯ ಬಾಗಿಲು ತಟ್ಟಿರಲಿಲ್ಲ.

"ವಾಸಣ್ಣ, ನಾನು ನಿಮ್ಮನ್ನು ಕರೀತಾ ಇಲ್ಲ. ನಾನು ಮಾತ್ರ ಮೇಲೆ ಹೋಗ್ತೇನೆ" ಎಂದು ಬಾಗಿಲು ತೆರೆದೆ.

ನಾನು ಗೇಟು ದಾಟುವಷ್ಟರಲ್ಲಿ ಹಿಂದೆ ಕಾರಿನ ಬಾಗಿಲು ಬಡಿದ ಸದ್ದು ಕೇಳಿತು. ವಾಸಣ್ಣ ಬಾಚಣಿಗೆ ತೆಗೆದು ತಲೆ ಬಾಚುತ್ತ ಬರುತ್ತಿದ್ದರು. "ಕೈ ಬೀಸಿಕೊಂಡು ಹೋಗುದಾ? ಎದುರು ಅಂಗಡಿಯಿಂದ ಎರಡು ಸೇಬಾದ್ರೂ ತರ್ತೇನೆ" ಎಂದರು.

"ಬೇಡ. ಕೈಯಲ್ಲಿ ಏನಾದ್ರೂ ಕಂಡ್ರೆ ಮತ್ತೆ ಕೆಲಸಕ್ಕೆ ಬಂದದ್ದು ಅಂತ ತಿಳಿದಾರು."

ಅವರು ಒಂದು ಕ್ಷಣ ಯೋಚಿಸಿದರು. ಆಮೇಲೆ ಹೆಗಲಿನ ಕ್ಯಾಮರಾದ ಚೀಲವನ್ನು ತೆಗೆದು, ವಾಪಸು ಹೋಗಿ ಕಾರಿನ ಡಿಕ್ಕಿಯಲ್ಲಿಟ್ಟು ಬೀಗ ಹಾಕಿ ಬಂದರು. ಮಸೀದಿಯ ಪಕ್ಕದ ಹೋಟೆಲಿಗೆ ಚಹಾ ಕುಡಿಯಲು ಹೋದರೂ ಆ ಚೀಲ ಇಳಿಸದ ಮನುಷ್ಯ ಅವರು.

ಮೇಲೆ ಬಾಗಿಲು ಹಾಗೆಯೇ ತೆರೆದಿತ್ತು. ಮಿರ್ಕೋ ಸರ್ ಅದೇ ಕುರ್ಚಿಯ ಹಿಂದೆ ನಿಂತಿದ್ದರು. ನಮ್ಮ ಮುಖ ನೋಡಲಿಲ್ಲ. ಮೊದಲು ನಮ್ಮ ಕೈ ನೋಡಿದರು. ನನ್ನ ಕೈ, ಆಮೇಲೆ ವಾಸಣ್ಣನ ಕೈ. ವಾಸಣ್ಣ ಹೊಸ್ತಿಲಲ್ಲಿ ನಿಂತು, ಊರಲ್ಲಿ ಹೇಳಿದರೆ ನಾಚಿಕೆಯಿಂದ ಸಾಯಬೇಕಾದ ಮಾತನ್ನು ತಮ್ಮ ಇಂಗ್ಲಿಷಿನಲ್ಲಿ ಗಟ್ಟಿಯಾಗಿ ಹೇಳಿದರು.

"ನಮ್ಮನ್ನು ಯಾರೂ ಕರೆದಿಲ್ಲ ಸರ್. ನಾವೇ ಬಂದದ್ದು."

ಮಿರ್ಕೋ ಸರ್ ಕೋಟಿನ ಗುಂಡಿ ಹಾಕಿಕೊಂಡರು. ಬಂದು ವಾಸಣ್ಣನ ಎರಡೂ ಭುಜ ಹಿಡಿದು ಕೆನ್ನೆಗಳಿಗೆ ಮುತ್ತಿಟ್ಟರು. ಕಾಪುವಿನ ಮನುಷ್ಯ ಕಂಬದ ಹಾಗೆ ನಿಂತು ಸಹಿಸಿಕೊಂಡರು. ನಮಗಿಬ್ಬರಿಗೂ ಒಂದೊಂದು ಚಮಚ ಗೋಧಿ ಕೊಟ್ಟರು. ನಾನು ಆಗಲೇ ತಿಂದಿದ್ದೇನೆ ಎಂದು ಹೇಳಲು ಹೋಗಲಿಲ್ಲ, ಆಗ ತಿಂದವಳು ಬೇರೆ. ಆಮೇಲೆ ರೊಟ್ಟಿಯನ್ನು ಎತ್ತಿ ಮುಂದೆ ಹಿಡಿದರು. ಮೂವರೂ ಸೇರಿ ಹಿಡಿದು ತಿರುಗಿಸಿದೆವು. ಯಾವ ಕಡೆಗೆ ತಿರುಗಿಸಬೇಕೆಂದು ನಮಗೆ ಗೊತ್ತಿಲ್ಲದೆ ಒಮ್ಮೆ ಎದುರುಬದುರಾಯಿತು. ಮುರಿದಾಗ ಅದು ನೇರವಾಗಿ ಮುರಿಯಲಿಲ್ಲ, ಒಳಗೆ ತುಸು ಹಸಿಯೂ ಇತ್ತು, ಪುಡಿಯೆಲ್ಲ ಅವರ ಕಪ್ಪು ಸೂಟಿನ ಮೇಲೆ ಬಿತ್ತು. ಅವರು ಕೊಡವಿಕೊಳ್ಳಲಿಲ್ಲ. ಉರಿಯುವ ಬತ್ತಿಯ ಕಡೆ ತಿರುಗಿ ತಮ್ಮ ಭಾಷೆಯಲ್ಲಿ ಏನೋ ಹೇಳಿದರು. ಅಮ್ಮ ಎಂಬ ಒಂದು ಮಾತು ಬಿಟ್ಟು ನನಗೆ ಏನೂ ತಿಳಿಯಲಿಲ್ಲ. ಕೇಳಲೂ ಇಲ್ಲ.

ನಾವು ಊಟಕ್ಕೆ ಕುಳಿತೆವು. ಮೀನಿಗೆ ಉಪ್ಪು ಕಡಿಮೆ, ಖಾರವಂತೂ ಇರಲೇ ಇಲ್ಲ. ವಾಸಣ್ಣ ಮರುಮಾತಿಲ್ಲದೆ ಎರಡು ಸಲ ಹಾಕಿಸಿಕೊಂಡರು. ಮಿರ್ಕೋ ಸರ್ ಬಡಿಸುತ್ತ ನಿಂತೇ ಇದ್ದರು. ಹೊರಗೆ ಕತ್ತಲಾಗತೊಡಗಿತು, ಗಾಳಿಗೆ ಬತ್ತಿ ಅಲ್ಲಾಡಿತು. ನಾನು ಎದ್ದು ಬಾಗಿಲು ಹಾಕಲೇ ಎಂದು ಕೇಳಿದೆ.

"ಬೇಡ," ಎಂದರು ಮಿರ್ಕೋ ಸರ್. "ಇನ್ನೂ ಯಾರಾದರೂ ಬರಬಹುದು."